ಶುಕ್ರಲೋಕದ ರಾಣಿಯ ಏಳರ ಮಗ್ಗಿ

ಟೆಕ್ಸಸ್ಸಿನ ಫ್ಲವರ್ ಮೌಂಡ್ ಊರಿನಲ್ಲಿ ನಮ್ಮ ನೆರೆಮನೆಯವರಾದ ಸೀತಾಬಾಯಿಯವರು ಮೂಲತಃ ಧಾರವಾಡದವರು. ಸಾವಿರದ ಒಂಬೈನೂರ ಅರವತ್ತೈದರಲ್ಲಿ ಅವರ ಯಜಮಾನರಾದ ಶ್ರೀಪತಿರಾಯರು ಯಂತ್ರದ ಕೆಲಸ ಕಲಿಯಲು ಟೋಕಿಯೋಗೆ ಹೋದಾಗ ಇವರೂ ಜೊತೆಗೆ ಹೋದರು. ಅಲ್ಲಿಯ ಸಿನಿಮಾದವರಿಗೆ ಪರದೇಶದ ಮುಖಗಳು ಬೇಕಾಗಿದ್ದವಂತೆ. ತರಕಾರಿ ಕೊಳ್ಳುತ್ತಿದ್ದ ಇವರನ್ನು ಕಂಡು ಯಾರೋ ಕರೆದರು. ಹೀಗೆ ಎರಡು ವರ್ಷಗಳಲ್ಲಿ ಮೂರು ಚಿತ್ರಗಳು. ಒಂದರಲ್ಲಿ ಸೀರೆಯ ನೆರಿಗೆ ಎತ್ತಿ ಹಿಡಿದು ರಾಕ್ಷಸ ಹಲ್ಲಿಯ ಮುಂದೆ ಓಡಿದರು. ಆ ಹಲ್ಲಿ ಬಿಡುವಿನ ಹೊತ್ತಿನಲ್ಲಿ ರಬ್ಬರಿನ ತಲೆ ಕಳಚಿಟ್ಟು ಇವರ ಪಕ್ಕದಲ್ಲೇ ಚಹಾ ಕುಡಿಯುತ್ತಿತ್ತು. ಇನ್ನೊಂದರಲ್ಲಿ ಕಳ್ಳಸಾಗಣೆಯವರ ಮೇಲೆ ಪಿಸ್ತೂಲು ಹಾರಿಸಿದರು. ಮೂರನೆಯದರಲ್ಲಿ ಶುಕ್ರಲೋಕದ ರಾಣಿ. ಮೊದಲೆರಡರಲ್ಲಿ ಮುಖ ಇವರದು, ದನಿ ಬೇರೆಯವರದು. ರಾಣಿಗೆ ದನಿ ಇವರದೇ, ಆದರೆ ಮುಖದ ಮೇಲೆ ಬೆಳ್ಳಿಬಣ್ಣದ ಮುಖವಾಡ. ಚಿತ್ರಗಳ ಹೆಸರು ಮಾತ್ರ ಅವರಿಗೆ ನೆನಪಿರಲಿಲ್ಲ.

ಮೊಮ್ಮಗಳು ದಿಯಾ ಇದೆಲ್ಲ ಅಜ್ಜಿ ಕಟ್ಟಿದ ಕತೆ ಎಂದುಕೊಂಡಿದ್ದಳು. ಅವಳು ನಂಬಬೇಕೆಂಬುದೊಂದೇ ಸೀತಾಬಾಯಿಯವರ ಆಸೆ. ೨೦೦೨ರಲ್ಲಿ ಆಸ್ಟಿನ್‌ನಲ್ಲಿ ಹಳೆಯ ಜಪಾನಿ ಚಿತ್ರಗಳ ಅಭಿಮಾನಿಗಳು ಸೇರುವರೆಂದು ತಿಳಿದು ಮಗಳು ಸುಚೇತಾ ಆ ಅಭಿಮಾನಿಗಳಿಗೆ ಪತ್ರ ಬರೆದಳು. ಬನ್ನಿ, ಆದರೆ ರಾಣಿಯ ಮಾತನ್ನು ಆಡಿ ತೋರಿಸಬೇಕು ಎಂದು ಉತ್ತರ ಬಂತು.

ಆಸ್ಟಿನ್‌ಗೆ ಹೊರಟ ಕಾರಿನಲ್ಲಿ ಅಜ್ಜಿ, ಮಗಳು, ಮೊಮ್ಮಗಳ ಜೊತೆ, ಊರಿನಲ್ಲಿ ಲೆಕ್ಕದ ಮಾಸ್ತರನಾಗಿದ್ದ ನಾನೂ ಇದ್ದೆ. ರಾಣಿ ಏನು ಮಾತಾಡಿದ್ದಳೆಂದು ಕೇಳಿದೆ. ನಿಮ್ಮ ಭಾಷೆಯಲ್ಲೇ ಏನಾದರೂ ಸಿಟ್ಟಿನಿಂದ ಹೇಳಿ ಎಂದು ನಿರ್ದೇಶಕರು ಅಂದರಂತೆ. ಗಾಬರಿಯಲ್ಲಿ ಇವರ ಬಾಯಿಗೆ ಬಂದದ್ದು ಏಳರ ಮಗ್ಗಿ. ಹೇಳಿಯೂ ತೋರಿಸಿದರು. “ಏಳೆಂಟ್ಲೆ ಐವತ್ನಾಕ” ಎಂದಾಗ ನನ್ನಿಂದ ಸುಮ್ಮನಿರಲಾಗಲಿಲ್ಲ. ಐವತ್ತಾರು ಎಂದು ತಿದ್ದಿ, ನಡುದಾರಿಯ ವೇಕೋ ಊರು ದಾಟುವವರೆಗೆ ಗಟ್ಟಿಮಾಡಿಸಿದೆ.

ಸಭೆಯಲ್ಲಿ ಅವರು ತಪ್ಪಿಲ್ಲದೆ ಮಗ್ಗಿ ಒಪ್ಪಿಸಿದರು. ಮುಂದಿನ ಸಾಲಿನ ಗಡ್ಡದವನೊಬ್ಬ ಎದ್ದು, ರಾಣಿಯ ಮಾತು ಇಲ್ಲಿರುವವರಿಗೆಲ್ಲ ಬಾಯಿಪಾಠ, ಎಂಟನೆಯ ಸಾಲು ಹೀಗಿಲ್ಲ, ಕ್ಷಮಿಸಿ ಎಂದು ವಿನಯದಿಂದಲೇ ಹೇಳಿದ. ದಿಯಾ ತಲೆ ತಗ್ಗಿಸಿದಳು.

ಸೀತಾಬಾಯಿಯವರು ನನ್ನ ಕಡೆ ತಿರುಗಿ ಮೆಲ್ಲಗೆ ಕೇಳಿದರು: “ಮಾಸ್ತರ, ನಾ ಆ ಪಿಚ್ಚರಿನ್ಯಾಗ ಇದ್ದೆನೋ ಇಲ್ಲೋ?”

ಆಗ ನನಗೆ ನನ್ನ ತಪ್ಪು ಹೊಳೆಯಿತು. “ಐವತ್ನಾಲ್ಕು ಅನ್ನಿ” ಎಂದೆ.

“ಅದು ತಪ್ಪಂತ ನೀವ ಹೇಳಿದ್ರಲ್ರಿ.”

“ತಪ್ಪೇ. ಅದನ್ನೇ ಹೇಳಿ.”

ಯಾವುದು ಸರಿ, ಯಾವುದು ತಪ್ಪು ಎಂದು ತೋಚದಿದ್ದರೂ ಅವರು ಸಭೆಯ ಕಡೆ ತಿರುಗಿದರು. ಮತ್ತೆ ಏಳೊಂದ್ಲೆಯಿಂದ ಆರಂಭಿಸಿದರು. ಐವತ್ನಾಕ ಎಂದದ್ದೇ ತಡ, ಇಡೀ ಸಭೆ ಟೆಕ್ಸಸ್ಸಿನ ರಾಗದಲ್ಲಿ “ಏಳೊಂಬತ್ಲೆ ಅರವತ್ಮೂರ” ಎಂದು ಮುಂದಿನ ಸಾಲು ಹೇಳಿ ಎದ್ದು ನಿಂತಿತು.

“ಯಾಕ ಎದ್ದಾರವಾ ಇವರು?” ಎಂದು ಸೀತಾಬಾಯಿಯವರು ಮೊಮ್ಮಗಳನ್ನು ಕೇಳಿದರು.

“ಫಾರ್ ಯು, ಅಜ್ಜಿ” ಎಂದಳು ದಿಯಾ.

ಸೀತಾಬಾಯಿಯವರು ತಮ್ಮ ಬೆನ್ನ ಹಿಂದೆ ಯಾರು ಬಂದರೆಂದು ತಿರುಗಿ ನೋಡಿದರು.