ಐದು ಅಂಕಕ್ಕಾಗಿ ಹರಿಹರಕ್ಕೆ

ಶುಕ್ರವಾರ ಬೆಳಿಗ್ಗೆ ಹನ್ನೆರಡು ಹುಡುಗಿಯರು, ನಾನು ಮತ್ತು ಪರಂಗಿಹಣ್ಣಿನಂಥ ಒಂದು ಚೆಂಡು ಮಾಯಕೊಂಡದಲ್ಲಿ ಪ್ಯಾಸೆಂಜರ್ ರೈಲು ಹತ್ತಿದೆವು. ದಾವಣಗೆರೆಗೆ ಟಿಕೆಟ್ ತಲಾ ಹತ್ತು ರೂಪಾಯಿ. ನಾನು ಹೈಸ್ಕೂಲಿನಲ್ಲಿ ಹಿಂದಿ ಕಲಿಸುವವಳು. ರಗ್ಬಿಗೂ ನನಗೂ ಏನೂ ಸಂಬಂಧವಿಲ್ಲ. ಮಹಿಳಾ ತಂಡಕ್ಕೆ ಹೆಂಗಸೇ ಮ್ಯಾನೇಜರ್ ಆಗಬೇಕಂತೆ. ಹಾಗೆಂದು ಹೇಳಿದಾಗ ಸ್ಟಾಫ್ ರೂಮಿನಲ್ಲಿ ತಲೆ ತಗ್ಗಿಸುವುದು ಮರೆತವಳು ನಾನೊಬ್ಬಳೇ.

ಹರಿಹರದಲ್ಲಿ ರಾಷ್ಟ್ರಮಟ್ಟದ ಮಹಿಳಾ ರಗ್ಬಿ ಸ್ಪರ್ಧೆಯಿತ್ತು. ಆತಿಥೇಯ ಜಿಲ್ಲೆಗೂ ಒಂದು ತಂಡ ಇಳಿಸುವ ಅವಕಾಶ ಸಿಕ್ಕಿತ್ತು, ಜಿಲ್ಲೆಯಲ್ಲಿ ಇದ್ದದ್ದೇ ನಮ್ಮದೊಂದು. ನಮ್ಮ ಶಾಲೆಯಲ್ಲಿ ಕಬಡ್ಡಿ ಆಡಿ ಬೆಳೆದ ಹುಡುಗಿಯರು ಇವರು. ಅಲ್ಲೂ ಏಳು ಜನ, ಇಲ್ಲೂ ಏಳು ಜನ ಎಂದುಕೊಂಡು ಆರು ತಿಂಗಳಿಂದ ಫೋನಿನಲ್ಲಿ ನೋಡಿ ನೋಡಿ ರಗ್ಬಿ ಕಲಿತಿದ್ದರು. ಅವರ ಕಬಡ್ಡಿ ಗುರು ತಿಪ್ಪೇಶಪ್ಪ ಮೇಷ್ಟ್ರಿಗೆ ಇದರಿಂದ ಹೊಟ್ಟೆಯುರಿ. ಶಾಲೆಯ ಮೈದಾನದ ಬೀಗದ ಕೈ ಇರುವುದು ಅವರ ಹತ್ತಿರವೇ. ಹೊರಡುವ ಹಿಂದಿನ ದಿನ ಷರತ್ತು ಹಾಕಿದರು: "ಒಂದಾದ್ರೂ ಟ್ರೈ ಹೊಡ್ಕಂಡು ಬರ್ರಿ. ಇಲ್ಲಾಂದ್ರೆ ಚೆಂಡು ಬೀರುವಿಗೆ, ನೀವು ಕಬಡ್ಡಿಗೆ." ಎದುರಾಳಿಯ ಗೆರೆ ದಾಟಿ ಚೆಂಡನ್ನು ನೆಲಕ್ಕೆ ಒತ್ತಿದರೆ ಅದು ಟ್ರೈ. ಐದು ಅಂಕ.

"ಕಬಡ್ಡಿನೇ ಆಡಿದ್ರೆ ಏನಾಗ್ತಿತ್ತೇ?" ಎಂದು ರೈಲಿನಲ್ಲಿ ರೇಷ್ಮಾಳನ್ನು ಕೇಳಿದೆ. ಅಪ್ಪನ ಬಳೆ ಅಂಗಡಿ ನೋಡಿಕೊಳ್ಳುವ ಹುಡುಗಿ. ತಂಡದಲ್ಲಿ ಅವಳಷ್ಟು ಜೋರಾಗಿ ಓಡುವವರಿಲ್ಲ.

"ಅದ್ರಾಗೆ ಉಸಿರು ಹಿಡ್ಕಂಡು ಓಡ್ಬೇಕ್ರಿ ಮೇಡಂ. ಇದ್ರಾಗೆ ಕೂಗಾಡ್ಕಂಡು ಓಡ್ಬೋದು."

ನಿಜ ಹೇಳುತ್ತೇನೆ, ಇವರು ಬೇಗ ಸೋತರೆ ಬೇಗ ಮನೆ ಸೇರಬಹುದು ಎಂದೇ ನಾನು ಹೊರಟಿದ್ದೆ.

ದಾವಣಗೆರೆಯಲ್ಲಿ ಇಳಿದು ಬೆಣ್ಣೆದೋಸೆ ತಿಂದೆವು. ತಲಾ ಎರಡು ಎಂದು ನಾನು ಹೇಳಿದ್ದು ಹೋಟೆಲಿನವರಿಗೆ ಮಾತ್ರ ಕೇಳಿಸಿತು. ಹರಿಹರ ಅಲ್ಲಿಂದ ಹದಿನಾಲ್ಕು ಕಿಲೋಮೀಟರ್. ಬಸ್ಸಿನಲ್ಲಿ ಕಂಡಕ್ಟರ್ ನನ್ನ ಮಡಿಲಿನ ಚೆಂಡನ್ನೇ ನೋಡುತ್ತ ನಿಂತ.

"ಇದ್ರ ಮ್ಯಾಲೆ ಯಾರಾದ್ರೂ ಕುಂತಿದ್ರೇನ್ರಿ?"

"ಇಲ್ಲಣ್ಣ, ಅದು ಹುಟ್ಟಿದ್ದೇ ಹಂಗೆ," ಎಂದಳು ಕ್ಯಾಪ್ಟನ್ ಹಾಲಮ್ಮ.

ಮೈದಾನ ಗುತ್ತೂರಿನ ಕಡೆ ಇತ್ತು. ನೆತ್ತಿ ಸುಡುವ ಬಿಸಿಲು, ಜೊತೆಗೆ ಧೂಳು ಎಬ್ಬಿಸುವ ಗಾಳಿ. ಮಧ್ಯಾಹ್ನ ಮೊದಲ ಆಟ ಒಡಿಶಾದವರ ಮೇಲೆ. ಐದನೆಯ ನಿಮಿಷಕ್ಕೆ ರೇಷ್ಮಾಳ ಕೈಗೆ ಚೆಂಡು ಸಿಕ್ಕಿತು. ಒಬ್ಬಳನ್ನು ತಪ್ಪಿಸಿದಳು, ಇನ್ನೊಬ್ಬಳನ್ನು ತಪ್ಪಿಸಿದಳು, ಗೆರೆ ದಾಟಿದಳು. ಹತ್ತಿರ ಒಂದು ನರಪಿಳ್ಳೆಯೂ ಇರಲಿಲ್ಲ. ನಾನು ಕೊಡೆ ಬಿಸಾಕಿ ಎದ್ದು ನಿಂತೆ. ಆಗ ಆ ಹುಡುಗಿ ಗರ್ರನೆ ತಿರುಗಿದವಳೇ ಬಂದಷ್ಟೇ ವೇಗದಲ್ಲಿ ವಾಪಸ್ ಓಡಿದಳು! ಬೆನ್ನಟ್ಟಿ ಬಂದಿದ್ದವರು ಕಕ್ಕಾಬಿಕ್ಕಿಯಾಗಿ ದಾರಿ ಬಿಟ್ಟರು. ಮೈದಾನದ ಮಧ್ಯದ ಗೆರೆ ಮುಟ್ಟಿ, ಎರಡೂ ಕೈ ಮೇಲೆತ್ತಿ ನಕ್ಕಳು. ಒಡಿಶಾದ ಹುಡುಗಿಯೊಬ್ಬಳು ಆ ಕೈಯಿಂದ ಚೆಂಡು ಕಿತ್ತುಕೊಂಡು ಹೋಗಿ ಟ್ರೈ ಹೊಡೆದಳು.

"ಯಾಕೆ ವಾಪಸ್ ಬಂದೆ?" ಎಂದು ಆಟ ಮುಗಿದ ಮೇಲೆ ಕಿರುಚಿದೆ.

"ರೈಡಿಗೆ ಹೋದೋರು ವಾಪಸ್ ಬರ್ಲಿಲ್ಲಂದ್ರೆ ಔಟಲ್ರೀ ಮೇಡಂ! ರೂಲ್ಸು ನಂಗೆ ಗೊತ್ತಿತ್ತು. ಕಾಲಿಗೆ ಗೊತ್ತಿರ್ಲಿಲ್ಲ." ಹೇಳುತ್ತ ಹೇಳುತ್ತ ಅತ್ತುಬಿಟ್ಟಳು. ಆರು ತಿಂಗಳ ಆಟ ತನ್ನಿಂದಲೇ ಬೀರು ಸೇರುತ್ತದೆ ಎಂದು ಬಿಕ್ಕಿದಳು. ಬೇಗ ಸೋಲಲಿ ಎಂದುಕೊಂಡಿದ್ದ ನನಗೆ ನಾಚಿಕೆಯಾಯಿತು.

ನಮ್ಮನ್ನು ಇಳಿಸಿದ್ದು ಒಂದು ಕಲ್ಯಾಣಮಂಟಪದಲ್ಲಿ. ಸಂಜೆ ಅಲ್ಲಿನ ಜಮಖಾನದ ಮೇಲೆ ರೇಷ್ಮಾಳಿಗೆ ಬೀಳುವ ಪಾಠ ಶುರುವಾಯಿತು. ಚೆಂಡಿನ ಬದಲು ನನ್ನ ದಿಂಬು. ಓಡಿ ಬರುವುದು, ಹಸೆಮಣೆ ಇಡುವ ಕಟ್ಟೆಯ ಹತ್ತಿರ ದೊಪ್ಪನೆ ಬೀಳುವುದು. ಇಪ್ಪತ್ತು ಸಲ ಬಿದ್ದ ಮೇಲೆ ಕಾವಲುಗಾರ ಬಂದ.

"ಇದು ಮದ್ವಿ ಆಗೋ ಜಾಗ ಕಣ್ರಮ್ಮ. ಹಿಂಗೆ ಬೀಳೋದು ಬ್ಯಾಡ."

"ಮದ್ವೆ ಆದೋರೂ ಇಲ್ಲೇ ಬಿದ್ದಿರೋದಲ್ವೇನಪ್ಪ?" ಎಂದೆ. ಅವನಿಗೂ ನಗು ಬಂತು.

ಶನಿವಾರ ಎರಡು ಆಟ, ಎರಡರಲ್ಲೂ ಸೊನ್ನೆ. ಮಧ್ಯಾಹ್ನದ ಚಿತ್ರಾನ್ನ ಯಾರಿಗೂ ಸೇರಲಿಲ್ಲ. ಉಳಿದದ್ದು ಭಾನುವಾರ ಬೆಳಗಿನ ಕೊನೆಯ ಆಟ, ಮಹಾರಾಷ್ಟ್ರದವರ ಮೇಲೆ. ಇನ್ನು ಒಂದು ನಿಮಿಷವಿದೆ ಎನ್ನುವಾಗ ಹಾಲಮ್ಮ ಮೂವರನ್ನು ಮೈಮೇಲೆ ಎಳೆದುಕೊಂಡು, ಬೀಳುತ್ತಲೇ ಚೆಂಡನ್ನು ಹಿಂದಕ್ಕೆ ಎಸೆದಳು. ಸಿಕ್ಕಿದ್ದು ರೇಷ್ಮಾಳಿಗೆ. ಆ ಓಟ ನೋಡುತ್ತ ನಾನು ನನ್ನ ವಯಸ್ಸು, ಕೆಲಸ, ಸೀರೆ ಎಲ್ಲ ಮರೆತು ಗೆರೆಯ ಪಕ್ಕದಲ್ಲೇ ಓಡಿದೆ. "ಬೀಳೇ! ತಾಯೀ, ಬೀಳೇ!" ಎಂದು ನಾವೆಲ್ಲ ಒಂದೇ ಸಮನೆ ಅರಚಿದೆವು.

ಬಿದ್ದಳು. ಚೆಂಡನ್ನು ಎದೆಯ ಕೆಳಗೆ ಒತ್ತಿಕೊಂಡು ಬಿದ್ದಳು. ಸೀಟಿ ಊದಿದರೂ ಏಳಲಿಲ್ಲ. ಪೆಟ್ಟಾಯಿತೇನೋ ಎಂದು ರೆಫರಿ ಬಗ್ಗಿದರು. ಬೆಂಗಳೂರಿನವರು, ಕನ್ನಡ ಬರುತ್ತಿತ್ತು.

"ಬರ್ಕಂಡ್ರಾ ಸರ್?" ಎಂದಳು ಮಣ್ಣಿನೊಳಗಿಂದ.

"ಬರ್ಕೊಂಡೆ ಕಣಮ್ಮ, ಏಳು."

"ತೋರಿಸ್ರಿ."

ಆ ಪುಣ್ಯಾತ್ಮರು ನಗುತ್ತ ಜೇಬಿನ ಚೀಟಿ ತೆಗೆದು ತೋರಿಸಿದರು. ಆಮೇಲೆ ಎದ್ದಳು.

ವಾಪಸ್ಸು ರೈಲಿನಲ್ಲಿ ತಿಪ್ಪೇಶಪ್ಪ ಮೇಷ್ಟ್ರಿಗೆ ಫೋನು ಹಚ್ಚಿ, ಅವರಿಗೆ ಹೇಳದೆ ಸ್ಪೀಕರ್ ಹಾಕಿದೆ. ಹುಡುಗಿಯರು ಉಸಿರು ಬಿಡದೆ ಸುತ್ತ ಮುತ್ತಿಕೊಂಡರು.

"ಎಷ್ಟ್ರಿ ಮೇಡಂ?"

"ಐದು."

"ಅವರ್ದು?"

"ಮೂವತ್ತೆಂಟು. ಅದು ನಿಮ್ಮ ಷರತ್ತಿನಲ್ಲಿ ಇರಲಿಲ್ಲ ಮೇಷ್ಟ್ರೇ." ರೇಷ್ಮಾ ಬಿದ್ದ ಕಥೆಯನ್ನೂ, ಮೊಣಕೈ ಕಿತ್ತುಹೋದದ್ದನ್ನೂ ಹೇಳಿದೆ.

ಆ ಕಡೆ ಮೇಷ್ಟ್ರು ಕೆಮ್ಮಿದರು.

"ಮೊಣಕೈ ಕಿತ್ಕಂತಂದ್ರೆ ಬೀಳಾಕೆ ಸರಿಯಾಗಿ ಬಂದಿಲ್ಲ ಅಂತ. ನಾಳೆ ಐದಕ್ಕೆ ಮೈದಾನಕ್ಕೆ ಬರಾಕೆ ಹೇಳ್ರಿ. ನಾನೇ ಕಲಿಸ್ತೀನಿ."