ಎಡಕ್ಕೊಂದು ಕಾಗದ, ಬಲಕ್ಕೊಂದು ಕಾಗದ

ನಾನು ಚಿಕ್ಕವಳಿದ್ದಾಗ ಭಾಲ್ಕಿಯಲ್ಲಿ ನಮ್ಮಪ್ಪನ ಹೊಲಿಗೆ ಅಂಗಡಿ ಇತ್ತು. ಒಳಗೆ ಕಾಲಿಟ್ಟರೆ ಹೊಸ ಬಟ್ಟೆಯ ಗಂಜಿ, ಮಷೀನಿನ ಎಣ್ಣೆ ಎರಡೂ ಮೂಗಿಗೆ ಬಡಿಯುತ್ತಿದ್ದವು. ಅಪ್ಪ ನೇರವಾಗಿ ಬಟ್ಟೆಗೆ ಕತ್ತರಿ ಹಾಕುತ್ತಿರಲಿಲ್ಲ. ಮೊದಲು ಹಳೆಯ ಉರ್ದು ಪೇಪರಿನ ಮೇಲೆ ಗೆರೆ ಎಳೆದು ಅಂಗಿಯ ಒಂದು ಮಗ್ಗುಲಷ್ಟೇ ಕತ್ತರಿಸುತ್ತಿದ್ದ. ಬಟ್ಟೆಯನ್ನು ಎರಡು ಪದರ ಮಡಚಿ, ಆ ಕಾಗದ ಇಟ್ಟು ಕತ್ತರಿಸಿದರೆ ಎಡ, ಬಲ ಎರಡೂ ಒಮ್ಮೆಲೇ ಬಂದುಬಿಡುತ್ತಿದ್ದವು.

ಆದರೆ ನನ್ನ ಎಡ ಹೆಗಲು ಹುಟ್ಟಿನಿಂದಲೇ ಬಲಕ್ಕಿಂತ ತಗ್ಗು. ಎರಡೂ ಸಮ ಕಾಣಲೆಂದು ಅಪ್ಪ ಅಂಗಿಯ ಆ ಕಡೆ ಹತ್ತಿ ತುಂಬಿ ಹೊಲಿಯುತ್ತಿದ್ದ. ಬಿಸಿಲಿಗೆ ಅದು ಬೆವರು ಕುಡಿದು ಕಡಿಯುತ್ತಿತ್ತು. ಹುಡುಗಿಯರು ಬೆರಳಿಂದ ಒತ್ತಿ ನೋಡಿ ನಗುತ್ತಿದ್ದರು. ಬೀದರದ ಹೈಸ್ಕೂಲಿಗೆ ಸೇರುವಾಗ ನಾನು ಪಟ್ಟು ಹಿಡಿದೆ, ಹತ್ತಿ ಇಟ್ಟರೆ ಶಾಲೆಗೇ ಹೋಗುವುದಿಲ್ಲ ಅಂತ. ನನ್ನ ಹಟ ಮೊಮ್ಮಕ್ಕಳಾದ ನಿಮಗೇನು ಹೊಸದಲ್ಲ ಬಿಡಿ.

ಅಪ್ಪ ಮೊದಲು ಅಳತೆ ನೋಡಲೆಂದು ಹಳೆಯ ಧೋತರ ಹರಿದು, ಕಚ್ಚಾ ಹೊಲಿಗೆ ಹಾಕಿ, ನನ್ನ ಮೈಮೇಲಿಟ್ಟು ನೋಡಿದ. ಕುತ್ತಿಗೆಯ ಹತ್ತಿರ ಸುಕ್ಕು. ಬಿಚ್ಚಿ, ಮತ್ತೆ ಅಳತೆ ತೆಗೆದು ಹೊಲಿದ. ಮತ್ತೆ ಸುಕ್ಕು. ಮರುದಿನವೇ ಶಾಲೆ ಸುರು, ಅಪ್ಪನ ಮುಖ ಸಣ್ಣದಾಯಿತು. ಪಕ್ಕದಲ್ಲಿ ಗುಂಡಿ ಹಚ್ಚುತ್ತಾ ಕೂತಿದ್ದ ಅಕ್ಕ ನನ್ನನ್ನೇ ನೋಡುತ್ತಿದ್ದಳು.

"ಅಪ್ಪಾ, ಟೇಪ್ ಹಿಡದ ಕೂಡಲೇ ಇಕಿ ಹೆಗಲ ಮ್ಯಾಲ ಎತ್ತತಾಳ ನೋಡ್ರಿ. ಅಳತಿ ಹ್ಯಾಂಗ ಖರೇ ಆಗ್ತದ್ರಿ?"

ಅದು ನನಗೇ ಗೊತ್ತಿರಲಿಲ್ಲ. ಸಮ ಕಾಣಬೇಕೆಂದು ಹೆಗಲು ಎತ್ತಿ ಎತ್ತಿ ರೂಢಿಯಾಗಿಬಿಟ್ಟಿತ್ತು. ಅಪ್ಪ ಟೇಪನ್ನು ಕೊರಳಿಗೆ ಹಾಕಿಕೊಂಡು ನನ್ನ ಹೆಗಲ ಮೇಲೆ ಅಂಗೈ ಇಟ್ಟ.

"ನೀ ಹ್ಯಾಂಗ ಇದ್ದಿ ಹಂಗ ನಿಂದ್ರವ್ವ. ಹೊಂದಕೊಳ್ಳೋದು ಬಟ್ಟಿ ಕೆಲಸ, ನಿಂದಲ್ಲ."

ಹೆಗಲು ತಾನಾಗಿ ಇಳಿಯಿತು, ನನಗೆ ಅಳು ಬಂತು. ಅಪ್ಪ ಹೊಸದಾಗಿ ಅಳತೆ ತೆಗೆದು, ಎಡಕ್ಕೊಂದು, ಬಲಕ್ಕೊಂದು ಬೇರೆ ಬೇರೆ ಕಾಗದ ಕತ್ತರಿಸಿದ. ಬಟ್ಟೆಯನ್ನು ಮಡಚದೆ ಪೂರ್ತಿ ಹಾಸಿದ. ಮರುದಿನ ಹತ್ತಿಯಿಲ್ಲದ ಅಂಗಿ ತೊಟ್ಟು ಬೀದರದ ಬಸ್ಸು ಹತ್ತಿದೆ. ಹೆಗಲು ಸಮ ಕಾಣುತ್ತಿರಲಿಲ್ಲ, ಆದರೆ ಅಂಗಿ ಮೈಗೆ ಸರಿಯಾಗಿ ಕೂತಿತ್ತು. ಅಷ್ಟು ಹಗುರ ನನಗೆ ಎಂದೂ ಅನ್ನಿಸಿರಲಿಲ್ಲ.

ಈಗ ನೀವು ಮೊಬೈಲ್ ಒತ್ತಿದರೆ ಔರಾದದ ನಮ್ಮ ಮನೆ ಬಾಗಿಲಿಗೇ ಅಂಗಿ ಬರುತ್ತದೆ. ಒಳ್ಳೆಯದೇ, ಬಣ್ಣಗಳಂತೂ ಬಲು ಚಂದ. ಆದರೆ ಮೊನ್ನೆ ನಿಮ್ಮಲ್ಲೊಬ್ಬಳು ಹೊಸ ಫ್ರಾಕಿನ ಜಿಪ್ ಏರದೆ, ಹೊಟ್ಟೆ ಒಳಗೆಳೆದು ಉಸಿರು ಹಿಡಿದು ಕನ್ನಡಿ ಮುಂದೆ ನಿಂತಿದ್ದಳು.

"ನಾನೇ ದಪ್ಪ ಆಗೀನಿ ಅಜ್ಜಿ," ಅಂದಳು.

ನಾನು ಜಿಪ್ ಇಳಿಸಿದೆ.

"ಉಸಿರು ಬಿಡವ್ವ," ಅಂದೆ. "ಫ್ರಾಕ್ ವಾಪಸ್ ಕಳಸೋಣು."