ಲೇಡಿ ಕೊಡದೆ ಹೋದ ಏರ್

ಕೂದಲು ಸುಟ್ಟ ವಾಸನೆ ಬಂದರೆ ಇವತ್ತಿಗೂ ನನ್ನ ಕೈ ತಾನಾಗಿ ಜಡೆಯ ಕಡೆಗೆ ಹೋಗುತ್ತದೆ. ಮೊನ್ನೆ ವೈಟ್‌ಫೀಲ್ಡಿನಲ್ಲಿ, ಒಂದು ಅಪಾರ್ಟ್‌ಮೆಂಟಿನ ಕೆಳಗಿರುವ ಬ್ಯೂಟಿ ಪಾರ್ಲರಿನ ಮುಂದೆ ಹಾಗೇ ಆಯಿತು. ಒಳಗೆ ಯಾರದೋ ಗುಂಗುರು ಕೂದಲನ್ನು ಬಿಸಿ ಮಷೀನಿನಲ್ಲಿ ಹಿಡಿದೆಳೆದು ನೆಟ್ಟಗೆ ಮಾಡುತ್ತಿದ್ದರು. ಬಾಗಿಲು ತೆರೆದಾಗ ಎ.ಸಿ.ಯ ತಣ್ಣನೆಯ ಗಾಳಿಯ ಜೊತೆ ಆ ವಾಸನೆಯೂ ಹೊರಗೆ ಬಂತು. ಆ ಅಪಾರ್ಟ್‌ಮೆಂಟ್ ನಿಂತಿರುವುದು ನಮ್ಮ ದೊರೆಸಾನಿಯ ಬಂಗಲೆ ಇದ್ದ ಜಾಗದಲ್ಲಿ. ಪಾರ್ಲರ್ ಇರುವುದು ಹೆಚ್ಚುಕಡಿಮೆ ಬಚ್ಚಲ ಒಲೆ ಇದ್ದ ಕಡೆಗೇ. ಅಮ್ಮ ದಿನಾ ಬೆಳಿಗ್ಗೆ ದೊರೆಸಾನಿಯ ತಲೆ ಬಾಚಿ, ಬಾಚಣಿಗೆಗೆ ಸಿಕ್ಕಿಕೊಂಡ ಬಿಳಿಕೂದಲನ್ನು ಉಂಡೆ ಮಾಡಿ ಆ ಒಲೆಗೆ ಹಾಕುತ್ತಿದ್ದಳು. ಆಮೇಲೆ ನನ್ನದು, ತಂಗಿಯದು, ತನ್ನದು. ಒಂದೆಳೆಯೂ ಉಳಿಯಬಾರದು, ಕೂದಲು ಆಗದವರ ಕೈಗೆ ಸಿಕ್ಕರೆ ಮಾಟ ಮಾಡಿಸುತ್ತಾರೆ ಎಂಬ ಹೆದರಿಕೆ ಅವಳಿಗೆ.

ದೊರೆಸಾನಿ ಎಂದ ಮಾತ್ರಕ್ಕೆ ಅವರು ಯಾವ ದೊರೆಯ ಹೆಂಡತಿಯೂ ಅಲ್ಲ, ಮದುವೆಯೇ ಆಗದ ಆಂಗ್ಲೋ ಇಂಡಿಯನ್ ಮುದುಕಿ. ಹರಿದ ಗೌನಿಗೆ ತಾವೇ ತೇಪೆ ಹಾಕಿಕೊಳ್ಳುತ್ತಿದ್ದರು, ಗತ್ತಿಗೆ ಮಾತ್ರ ಕಡಿಮೆಯಿರಲಿಲ್ಲ. ತಮ್ಮದು ಇಂಗ್ಲೆಂಡಿನ ಲಾರ್ಡ್ ಮನೆತನ ಎಂದು ಹಾಲಿನವನಿಗೂ ಹೇಳುತ್ತಿದ್ದರು. ಅವನು ತಲೆದೂಗುತ್ತಲೇ ನೀರು ಬೆರೆಸಿದ ಹಾಲು ಅಳೆದುಕೊಟ್ಟು ಹೋಗುತ್ತಿದ್ದ. ವೈಟ್‌ಫೀಲ್ಡಿನಲ್ಲಿ ಆಗಿನ್ನೂ ದ್ರಾಕ್ಷಿ ತೋಟಗಳಿದ್ದವು, ರೈಲು ಕೂಗಿದರೆ ಊರಿಗೆಲ್ಲ ಕೇಳಿಸುತ್ತಿತ್ತು. ಬಂಗಲೆಯ ಹಿಂದಿನ ಔಟ್‌ಹೌಸಿನಲ್ಲಿ ನಾವಿದ್ದೆವು: ಲೇತ್ ಕೆಲಸಕ್ಕೆ ಹೋಗುತ್ತಿದ್ದ ಅಪ್ಪ, ಬಂಗಲೆಯ ಕೆಲಸ ಮಾಡುತ್ತಿದ್ದ ಅಮ್ಮ, ನಾನು, ತಂಗಿ. ನನ್ನ ಜಡೆ ಸೊಂಟ ದಾಟಿತ್ತು, ಅದರ ಬಗ್ಗೆ ನನಗೆ ಜಂಬವೂ ಇತ್ತು.

ಬಂಗಲೆಯ ಹಾಲ್‌ಗೆ ಒಬ್ಬಳೇ ಕಾಲಿಡಲು ನನಗೆ ಜೀವ ಹೋಗುತ್ತಿತ್ತು. ಅಲ್ಲಿ ಲೇಡಿಯ ಪಟವಿತ್ತು. ದೊರೆಸಾನಿಯ ಮುತ್ತಜ್ಜಿಗೂ ಹಿಂದಿನವಳು, ಲಾರ್ಡ್‌ನ ಹೆಂಡತಿ. ಸುಣ್ಣದಂತೆ ಬಿಳಿಚಿದ ಮುಖ, ಕಿವಿ ಮುಚ್ಚುವ ಬಿಗಿ ಟೋಪಿ, ಹುಡುಕಿದರೂ ಒಂದು ಕೂದಲು ಕಾಣುತ್ತಿರಲಿಲ್ಲ. ಅವಳು ನನ್ನನ್ನು ನೋಡುತ್ತಿರಲಿಲ್ಲ, ನನ್ನ ಬೆನ್ನ ಹಿಂದಿನ ಬಾಗಿಲನ್ನು ನೋಡುತ್ತಿದ್ದಳು. ಯಾರೋ ಬರುತ್ತಿದ್ದಾರೆ, ಅವರ ಹೆಜ್ಜೆ ಅವಳಿಗೆ ಮಾತ್ರ ಕೇಳಿಸುತ್ತಿದೆ ಎನಿಸಿ ನಾನು ಓಡಿಬಿಡುತ್ತಿದ್ದೆ. ಅವಳ ಕತೆಯನ್ನು ದೊರೆಸಾನಿ ತಲೆಗೆ ಎಣ್ಣೆ ಹಚ್ಚಿಸಿಕೊಳ್ಳುವಾಗ ತಮ್ಮದೇ ಕನ್ನಡದಲ್ಲಿ ಹೇಳುತ್ತಿದ್ದರು. “ಲಾರ್ಡ್ ಏರ್ ಕೇಳ್ದ. ಲೇಡಿ ಏರ್ ಕೊಡ್ಲಿಲ್ಲ. ಫಿನಿಶ್!” ಅರಮನೆಯಂಥ ಆ ಮನೆಯ ಯಾರೂ ಹೋಗದ ಮೂಲೆಯ ಕೋಣೆಗೆ ಅವಳನ್ನು ಹಾಕಿದರಂತೆ. ತವರಿನಿಂದ ತಂದದ್ದೆಲ್ಲ ಗಂಡನ ಪಾಲು. ಮಕ್ಕಳನ್ನು ನೋಡಬೇಕಾದರೂ ಅವನ ಅಪ್ಪಣೆ ಬೇಕು, ಅವನು ಕೊಡಲಿಲ್ಲ. ಮಕ್ಕಳು ಕೆಳಗಿನ ತೋಟದಲ್ಲಿ ಆಡುವುದನ್ನು ಕಿಟಕಿಯಿಂದ ನೋಡುತ್ತಲೇ ಅವಳು ಸತ್ತಳಂತೆ.

“ಏರ್ ಅಂದ್ರೆ ಏನಮ್ಮ?” ಎಂದು ನಾನು ಕೇಳಿದ್ದೆ. ಅಮ್ಮನ ಕೈಯಲ್ಲಿದ್ದ ಬಾಚಣಿಗೆ ಒಂದು ಗಳಿಗೆ ನಿಂತಿತು. ಆಮೇಲೆ ನನ್ನ ಜಡೆಯನ್ನು ಮೆಲ್ಲಗೆ ಎಳೆದು, “ಇದೇ ಕಣೆ. ಕೂದ್ಲು,” ಎಂದಳು. ನನಗೆ ಅನುಮಾನ ಬರಲು ಕಾರಣವೇ ಇರಲಿಲ್ಲ. ನಮ್ಮ ಮನೆಯವರ ಬಾಯಲ್ಲಿ ಹಕಾರ ನಿಲ್ಲುತ್ತಿರಲಿಲ್ಲ. ಹಾಲು ಆಲಾಗುತ್ತಿತ್ತು, ಹೂವು ಊವಾಗುತ್ತಿತ್ತು, ಅಂಗಡಿಯಿಂದ ತರುತ್ತಿದ್ದುದು ಏರ್ ಪಿನ್ನು, ಏರ್ ಆಯಿಲು. ಅಷ್ಟು ದೊಡ್ಡ ಲಾರ್ಡ್‌ಗೆ ಹೆಂಡತಿಯ ಕೂದಲು ಯಾಕೆ ಬೇಕಿತ್ತೋ ತಿಳಿಯಲಿಲ್ಲ. ಆದರೆ ಕೊಡದಿದ್ದರೆ ಏನಾಗುತ್ತದೆ ಎಂಬುದು ತಿಳಿಯಿತು. ಕೊನೆಗೆ ಕಿತ್ತುಕೊಂಡೇ ಬಿಟ್ಟಿರಬೇಕು, ಅದಕ್ಕೇ ಟೋಪಿ ಎಂದು ನಾನೇ ತೀರ್ಮಾನಿಸಿಕೊಂಡೆ.

ಆ ವರ್ಷ ಅಪ್ಪನ ತಾಯಿ ಆನೇಕಲ್ಲಿನಿಂದ ಮೇಲಿಂದ ಮೇಲೆ ಬರತೊಡಗಿದರು. ಅಜ್ಜಿ ಬಂದರೆ ಮನೆಯಲ್ಲಿ ಪಾತ್ರೆಗಳೂ ಸದ್ದು ಮಾಡದೆ ಕೂರುತ್ತಿದ್ದವು. ಅಪ್ಪನನ್ನು ಹೊರಗೆ ಕೂರಿಸಿಕೊಂಡು ಗುಸುಗುಸು ಮಾತು. ಒಂದು ಸಂಜೆ ಕಿವಿಗೊಟ್ಟು ಕೇಳಿದೆ. “ಇವಳ್ನ ತವ್ರಿಗೆ ಕಳ್ಸ್‌ಬುಡು. ನಮ್ಮ ಕಡೆ ಒಂದು ಎಣ್ಣದೆ, ಕೇಳಿವ್ನಿ.” ಅಪ್ಪ ಬೇಡ ಎನ್ನಲಿಲ್ಲ. ಅದೇ ನನಗೆ ಎಲ್ಲಕ್ಕಿಂತ ಹೆಚ್ಚು ಭಯವಾದದ್ದು. ಮಾರನೆಯ ದಿನ ಬಂಗಲೆಯ ಅಡುಗೆಮನೆಯಲ್ಲಿ ಅಮ್ಮ ಸೆರಗು ಬಾಯಿಗಿಟ್ಟುಕೊಂಡು ದೊರೆಸಾನಿಯ ಮುಂದೆ ಎಲ್ಲ ಹೇಳಿಕೊಂಡಳು. ದೊರೆಸಾನಿ ಮೇಜಿಗೆ ಗುದ್ದಿ, “ಸೇಮ್ ಸ್ಟೋರಿ! ಇವರಿಗೂ ಏರ್ ಬೇಕು. ಎಲ್ಲಾ ಕಡೆ ಅದೇ ಬೇಕು ಇವರಿಗೆ!” ಎಂದು ಕೂಗಿದರು. ಬಾಗಿಲ ಸಂದಿಯಲ್ಲಿ ನಿಂತಿದ್ದ ನಾನು ಜಡೆಯನ್ನು ಮುಂದಕ್ಕೆಳೆದು ಹಿಡಿದುಕೊಂಡೆ. ತಂಗಿ ಹುಟ್ಟಿದ ಮೇಲೆ ಅಮ್ಮನ ಕೂದಲು ಉದುರಿ ಉದುರಿ ನಿಂಬೆಹಣ್ಣಿನಷ್ಟು ಗಂಟು ಉಳಿದಿತ್ತು. ಅವಳು ಎಲ್ಲಿಂದ ಕೊಟ್ಟಾಳು?

ನನ್ನಲ್ಲಿತ್ತು. ದೊರೆಸಾನಿಯ ಬಟ್ಟೆ ಕತ್ತರಿಸುವ ಕತ್ತರಿ ಹಾಲ್‌ನಲ್ಲಿರುತ್ತಿತ್ತು, ಪಟದ ಕೆಳಗೇ. ಮರುದಿನ ಬೆಳಿಗ್ಗೆ ಅಮ್ಮ ಒಲೆಯ ಹತ್ತಿರ ಇದ್ದಾಗ ಹೋದೆ. ಲೇಡಿಯ ಕಡೆ ತಲೆಯೆತ್ತಲಿಲ್ಲ. ಜಡೆ ಒಂದೇ ಏಟಿಗೆ ತುಂಡಾಗಲಿಲ್ಲ, ಕರಕರ ಎನ್ನುತ್ತ ಕಿವಿಯ ಬುಡದಲ್ಲೇ ಸದ್ದು ಮಾಡಿತು. ಕತ್ತು ತಣ್ಣಗಾಯಿತು. ನನಗೂ ಟೋಪಿ ಹಾಕಿ ಗೋಡೆಗೆ ನೇತುಹಾಕುತ್ತಾರೇನೋ ಎಂದು ಅಳು ಬಂತು, ಅಳುತ್ತಲೇ ಓಡಿದೆ. ಔಟ್‌ಹೌಸಿನ ಜಗಲಿಯ ಮೇಲೆ ಅಜ್ಜಿ, ಪಕ್ಕದಲ್ಲಿ ಅಪ್ಪ ಕಾಫಿ ಕುಡಿಯುತ್ತಿದ್ದರು. ಕೆಂಪು ಟೇಪು ಕಟ್ಟಿದ ಜಡೆಯನ್ನು ಹಾಗೇ ಅಜ್ಜಿಯ ಮಡಿಲಿಗೆ ಹಾಕಿ, “ತಗೋ ಅಜ್ಜಿ. ನಮ್ಮಮ್ಮನ್ನ ಕಳಿಸ್ಬೇಡ,” ಎಂದೆ.

ಹೊಡೆಯುತ್ತಾರೆ ಎಂದುಕೊಂಡಿದ್ದೆ. ಅಜ್ಜಿ ಜಡೆಯನ್ನು ನೋಡಿದರು, ನನ್ನ ಬೋಳು ಕತ್ತನ್ನು ನೋಡಿದರು. ಲೋಟ ಕೆಳಗಿಟ್ಟು, ಮೇಲೆ ನೋಡಿ ಕೈ ಮುಗಿದರು. ಅಷ್ಟು ಗಟ್ಟಿ ಹೆಂಗಸು ಹೆದರಿದ್ದನ್ನು ನಾನು ನೋಡಿದ್ದು ಅದೊಂದೇ ಸಲ. “ಮುಡಿ ಕೊಟ್ಬುಟ್ಟವ್ಳಲ್ಲೋ,” ಎಂದು ಅಪ್ಪನ ಕಡೆ ತಿರುಗಿದರು. “ಅವ್ವನ ಎಸ್ರಲ್ಲಿ ಅರಕೆ ಒತ್ತು, ನನ್ನ ಮಡ್ಲಿಗೇ ಆಕವ್ಳೆ. ಮುನೇಸ್ವರ ಸುಮ್ಕಿರ್ತಾನೇನ್ಲಾ?” ನಾನು ಯಾವ ಹರಕೆಯನ್ನೂ ಹೊತ್ತಿರಲಿಲ್ಲ. ಅಜ್ಜಿ ಜಡೆಯನ್ನು ಸೆರಗಿನಲ್ಲಿ ಗಂಟು ಕಟ್ಟಿಕೊಂಡು ಮೊದಲ ಬಸ್ಸಿಗೇ ಹೊರಟರು, ಅದನ್ನು ಮನೆದೇವರಿಗೆ ಒಪ್ಪಿಸಿದರಂತೆ. ಆ ಹೆಣ್ಣಿನ ಮಾತು ಮತ್ತೆ ನಮ್ಮ ಮನೆಯಲ್ಲಿ ಬರಲಿಲ್ಲ. ಅಪ್ಪ ಬಹಳ ದಿನ ನನ್ನ ಕಣ್ಣು ತಪ್ಪಿಸಿ ಓಡಾಡಿದ.

ಹೈಸ್ಕೂಲಿನಲ್ಲಿ ಇಂಗ್ಲಿಷ್ ಮೇಡಂ ಆ ಪದವನ್ನು ಬೋರ್ಡಿನ ಮೇಲೆ ಬರೆದರು. ಏರ್ ಎಂದರೆ ವಾರಸುದಾರ, ಆ ಕಾಲದ ದೊಡ್ಡ ಮನೆಗಳಲ್ಲಿ ಗಂಡುಮಗ. ಇದರಲ್ಲಿ ಹಕಾರ ಬರೆಯುವುದಕ್ಕೆ ಮಾತ್ರ, ಹೇಳುವುದಕ್ಕಲ್ಲ ಎಂದರು. ಕ್ಲಾಸೆಲ್ಲ ಬರೆದುಕೊಂಡಿತು, ನಾನು ಮೇಜನ್ನು ಹಿಡಿದುಕೊಂಡು ಕೂತಿದ್ದೆ. ಲೇಡಿಗೆ ಇದ್ದದ್ದು ಬರೀ ಹೆಣ್ಣುಮಕ್ಕಳು. ಅಮ್ಮನಿಗೂ. ಇದನ್ನು ಅಮ್ಮನಿಗೆ ಹೇಳಲು ನನಗೆ ಧೈರ್ಯವೇ ಬರಲಿಲ್ಲ. ದೊರೆಸಾನಿ ತೀರಿಕೊಂಡರು, ಯಾರೋ ದೂರದ ಸಂಬಂಧಿ ಬಂದು ಬಂಗಲೆ ಮಾರಿದ, ಲೇಡಿಯ ಪಟ ಎಲ್ಲಿಗೆ ಹೋಯಿತೋ ಗೊತ್ತಿಲ್ಲ. ಅಪ್ಪನೂ ಹೋದ. ಕಡೆಗೆ ಅಮ್ಮ ಹಾಸಿಗೆ ಹಿಡಿದಾಗ, ಅವಳ ತಲೆ ಬಾಚುತ್ತ, ನಗಿಸೋಣವೆಂದು ಹೇಳಿಬಿಟ್ಟೆ: “ಅಮ್ಮಾ, ಏರ್ ಅಂದ್ರೆ ಕೂದ್ಲಲ್ಲ ಕಣೆ.”

ಅಮ್ಮ ನಗಲಿಲ್ಲ. “ನಂಗೊತ್ತಿತ್ತು,” ಎಂದಳು. “ದೊರೆಸಾನಿ ಮೊದ್ಲೇ ಬುಡ್ಸಿ ಏಳಿದ್ರು. ನೀ ಎಣ್ಣಾಗಿ ಉಟ್ಟಿದ್ದಕ್ಕೇ ನನ್ನ ಕಳುಸ್ತಾವ್ರೆ ಅಂತ ನಿಂಗೆಂಗೆ ಏಳ್ಲಿ? ಗಂಡುಮಗ ಅಂದಿದ್ರೆ ಏನ್ ತಂದ್ಕೊಡ್ತಿದ್ದೆ ನನ್ ಕಂದಾ? ಕೂದ್ಲಾದ್ರೆ ನಿನ್ನತ್ರ ಇತ್ತು.”

ಪಾರ್ಲರಿನ ಹುಡುಗಿ ಬಾಗಿಲು ಹಿಡಿದು, “ಬನ್ನಿ ಮೇಡಂ, ಹೇರ್ ಕಟ್ಟಾ?” ಎಂದಳು. ಹಕಾರ ಸ್ಪಷ್ಟವಾಗಿತ್ತು. ಇಲ್ಲಮ್ಮ ಎಂದು ಹೇಳಿ ರಸ್ತೆಗಿಳಿದೆ. ಅಮ್ಮ ಹೋದ ಮೇಲೂ ನಾನು ಬಾಚಣಿಗೆಯ ಕೂದಲನ್ನು ಎಸೆಯುವುದಿಲ್ಲ, ಸುಡಲು ಮನೆಯಲ್ಲಿ ಒಲೆಯೂ ಇಲ್ಲ. ಉಂಡೆ ಮಾಡಿ ಕಿಟಕಿಯ ಮೇಲಿನ ಡಬ್ಬಿಯಲ್ಲಿ ಇಡುತ್ತಾ ಬಂದಿದ್ದೇನೆ. ಅದು ತುಂಬುತ್ತಾ ಬಂದಿದೆ.